ಬಾಯಿ ಮುಚ್ಚಿ ಓದಲಾರದ ಖತೀಜಮ್ಮ

ಪುಸ್ತಕ ಕೈಯಲ್ಲಿರುವಾಗ ಏನಾದರೂ ಕೇಳಿದರೆ ಖತೀಜಮ್ಮ ತೋರುಬೆರಳನ್ನು ಮೇಲೆತ್ತುತ್ತಾರೆ. ಈ ಪುಟ ಮುಗಿಯಲಿ ಎಂದು ಅದರ ಅರ್ಥ. ಒಲೆಯ ಮೇಲೆ ಹಾಲು ಉಕ್ಕಲಿ, ಆಡು ಅಂಗಳದ ಬಸಳೆಗೆ ಬಾಯಿ ಹಾಕಲಿ, ಶಾರ್ಜಾದಿಂದ ಮಗ ಅಝೀಮನ ಫೋನು ಬರಲಿ, ಆ ಬೆರಳು ಇಳಿಯುವುದಿಲ್ಲ. ಪುಟ ಮುಗಿದ ಮೇಲಾದರೂ ಇಳಿಯುತ್ತದೆಯೇ ಎಂದರೆ ಅದೂ ಇಲ್ಲ. ಪುಸ್ತಕ ಅಚ್ಚು ಮಾಡುವವರು ಪುಟದ ಕೊನೆಗೆ ಸರಿಯಾಗಿ ಮಾತು ಮುಗಿಸುವುದಿಲ್ಲವಾದ್ದರಿಂದ ಉಳಿದ ಅರ್ಧವನ್ನು ಹುಡುಕಿಕೊಂಡು ಅವರು ಹಾಳೆ ಮಗುಚುತ್ತಾರೆ, ಮಗುಚಿದ ಮೇಲೆ ಅದು ಹೊಸ ಪುಟ, ಹೊಸ ಪುಟವೆಂದ ಮೇಲೆ ಅದೂ ಮುಗಿಯಬೇಕು. ಎದುರು ನಿಂತವರ ತಾಳ್ಮೆ ಮಾತ್ರ ಅದಕ್ಕಿಂತ ಮೊದಲೇ ಮುಗಿದಿರುತ್ತದೆ.

ಇಷ್ಟೇ ಆಗಿದ್ದರೆ ನೆರೆಕರೆಯವರಾದ ನಾವು ಹೇಗೋ ಸಹಿಸುತ್ತಿದ್ದೆವು. ಆದರೆ ಅವರಿಗೆ ಬಾಯಿ ಮುಚ್ಚಿ ಓದಲು ಬರುವುದಿಲ್ಲ. ಅವರು ಶಾಲೆಗೆ ಹೋದ ಕಾಲದಲ್ಲಿ ಮಾಸ್ತರರು ಮಕ್ಕಳನ್ನು ನಿಲ್ಲಿಸಿ, ಹಿಂದಿನ ಗೋಡೆಗೆ ಕೇಳುವ ಹಾಗೆ ಓದಿಸುತ್ತಿದ್ದರಂತೆ. ಉಳಿದವರು ಶಾಲೆಯ ಜೊತೆಗೆ ಆ ಅಭ್ಯಾಸವನ್ನೂ ಬಿಟ್ಟರು. ಖತೀಜಮ್ಮನ ಪಾಲಿಗೆ ಆ ಹಿಂದಿನ ಗೋಡೆ ಇನ್ನೂ ಎದುರಿಗೇ ಉಂಟು. ನಮ್ಮ ಪಂಚಾಯತಿನ ಗ್ರಂಥಾಲಯದ ದೀಕ್ಷಿತಾ ಒಳ್ಳೆಯ ಹುಡುಗಿ, ಕೇಳಿದ ಪುಸ್ತಕ ತೆಗೆದಿಡುತ್ತಾಳೆ, ಆದರೆ ಇವರನ್ನು ಒಳಗೆ ಕೂರಲು ಬಿಡುವುದಿಲ್ಲ. "ಖತೀಜಮ್ಮ, ಇಲ್ಲಿ ಪರೀಕ್ಷೆಗೆ ಓದುವ ಮಕ್ಕಳಿದ್ದಾರೆ, ಮನಸ್ಸಿನಲ್ಲೇ ಓದಬಾರದಾ?" ಎಂದು ಅವಳು ಕೈ ಮುಗಿದದ್ದಕ್ಕೆ ಇವರು, "ಮನಸ್ಸಿನಲ್ಲಿ ಓದಿದರೆ ಕಣ್ಣಿಗೆ ಮಾತ್ರ ಗೊತ್ತಾಗ್ತದೆ ಮಗಾ, ನನಗೆ ಗೊತ್ತಾಗುವುದಿಲ್ಲ" ಎಂದು ಹೇಳಿ, ಪುಸ್ತಕವನ್ನು ಬುರ್ಖಾದ ಒಳಬದಿಗೆ ತಾವೇ ಹೊಲಿದುಕೊಂಡ ದೊಡ್ಡ ಜೇಬಿಗೆ ಇಳಿಸಿ, ಅದರ ಭಾರಕ್ಕೆ ಬಲಕ್ಕೆ ವಾಲುತ್ತಾ ನೇರ ನನ್ನ ಜಗಲಿಗೆ ಬಂದರು.

ನನ್ನ ಜಗಲಿಯೇ ಏಕೆ ಎಂದರೆ, ನಾನು ಅಲ್ಲಿ ಕೂತು ಬೀಡಿ ಕಟ್ಟುತ್ತೇನೆ. ಎಲೆ ಕತ್ತರಿಸಿ, ಹೊಗೆಸೊಪ್ಪು ತುಂಬಿ, ಸುರುಟಿ ನೂಲು ಸುತ್ತುವ ಕೆಲಸಕ್ಕೆ ಕೈ ಬೇಕು, ಕಣ್ಣು ಸ್ವಲ್ಪ ಬೇಕು, ಕಿವಿ ಬೇಡ. ಬೇಡವಾಗಿ ಬಿದ್ದಿದ್ದ ಆ ಕಿವಿಯನ್ನು ಅವರು ತಮ್ಮದೆಂದು ಹಿಡಿದುಕೊಂಡರು. ಅದು ನಮ್ಮವರು ತೀರಿಕೊಂಡ ವರ್ಷ. ಉತ್ತರಕ್ರಿಯೆಯ ಬೊಜ್ಜ ಕಳೆದು, ಸಮಾಧಾನ ಹೇಳಲು ಬಂದ ನೆಂಟರೆಲ್ಲ ಹೊರಟುಹೋದ ಮೇಲೆ ಖತೀಜಮ್ಮ ಬಂದು, ಸಮಾಧಾನದ ಒಂದು ಮಾತೂ ಆಡದೆ, ಒಬ್ಬ ಕಳ್ಳನ ಕಥೆಯನ್ನು ಗಟ್ಟಿಯಾಗಿ ಓದತೊಡಗಿದರು. ನನಗೆ ಮೈಯೆಲ್ಲ ಉರಿಯಿತು. ಗಂಡ ಸತ್ತ ಮನೆಯಲ್ಲಿ ಕಳ್ಳನ ಕಥೆಯೇ! ಮರುದಿನ ಅವರು ಬರುವುದು ಸ್ವಲ್ಪ ತಡವಾಯಿತು. ಅದಕ್ಕೂ ನನಗೆ ಸಿಟ್ಟು ಬಂತು.

ಕೇಳುವವರಿಗೆ ಅವರು ಕೊಡುವ ಕಷ್ಟ ಸಣ್ಣದಲ್ಲ. ನಿನ್ನೆ ಎಲ್ಲಿಗೆ ನಿಲ್ಲಿಸಿದ್ದು ಎಂದು ಮೊದಲು ನನ್ನನ್ನು ಕೇಳುತ್ತಾರೆ. ನಾನು ತಪ್ಪಿದರೆ ನಿನ್ನೆಯದನ್ನು ಇಡೀ ಪುನಃ ಓದುತ್ತಾರೆ. ಕಾಡು, ಹೊಳೆ, ಮೋಡ ಎಂದು ಕಥೆ ಮುಂದೆ ಹೋಗದ ಕಡೆ "ಅದನ್ನು ಬಿಡಿ, ಮುಂದೇನಾಯಿತು?" ಎಂದರೆ ಬಿಡುವುದಿಲ್ಲ. ಕಥೆಯೊಳಗಿನ ಗಂಡಸರೊಂದಿಗೆ ಜಗಳಕ್ಕೆ ನಿಲ್ಲುತ್ತಾರೆ. "ಇವನಿಗೆ ಬುದ್ಧಿ ಉಂಟಾ ನೀಲಕ್ಕ? ಚಿನ್ನದಂಥ ಹೆಂಡತಿಯನ್ನು ತವರಿಗೆ ಕಳಿಸ್ತಾನಂತೆ!" ನಾನು ಕಳಿಸಿದವಳೋ ಎಂಬಂತೆ ನನ್ನನ್ನೇ ದುರುಗುಟ್ಟಿ ನೋಡುತ್ತಾರೆ.

ಒಮ್ಮೆ ನನ್ನ ಕಣ್ಣು ತೋರಿಸಲೆಂದು ಇಬ್ಬರೂ ಪುಂಜಾಲಕಟ್ಟೆಯಲ್ಲಿ ಬೆಳ್ತಂಗಡಿಗೆಂದು ಬಸ್ಸು ಹತ್ತಿದೆವು. ಕೂತದ್ದೇ ತಡ, ಇವರ ಜೇಬಿನಿಂದ ಪುಸ್ತಕ ಹೊರಗೆ ಬಂತು. ಕಂಡಕ್ಟರ್ ಶೋಧನ್, "ಎಲ್ಲಿಗೆ ಹೇಳಿ ಮಾರಾಯ್ರೆ, ನನಗೆ ಹಿಂದೆ ಇನ್ನೂ ಜನ ಉಂಟು" ಎಂದ. ಬೆರಳು ಮೇಲೆದ್ದಿತು. ಟಿಕೆಟು ನಾನೇ ತೆಗೆದೆ. ಕಥೆಯಲ್ಲಿ ಒಬ್ಬ ಹೆಂಗಸು ಒಡವೆಯ ಗಂಟು ಹುಡುಕಲು ಹಗ್ಗ ಹಿಡಿದು ಪಾಳುಬಾವಿಗೆ ಇಳಿಯುತ್ತಿದ್ದಳು. ಹಿಂದಿನಿಂದ ಕಾಲೇಜಿನ ಹುಡುಗಿಯೊಬ್ಬಳು, "ಅಜ್ಜೀ, ಸ್ವಲ್ಪ ಜೋರಾಗಿ, ಇಲ್ಲಿಗೆ ಕೇಳ್ತಾ ಇಲ್ಲ" ಎಂದಳು. ಡ್ರೈವರು ಹಾಡು ನಿಲ್ಲಿಸಿದ. ಬೆಳ್ತಂಗಡಿ ಯಾವಾಗ ದಾಟಿತೋ, ಕೂಗಿ ಹೇಳಬೇಕಾದ ಶೋಧನನೂ ಬಾವಿಯೊಳಗೆ ಇಣುಕುತ್ತಿದ್ದನೋ ಏನೋ, ನಾವು ಇಳಿದದ್ದು ಉಜಿರೆಯಲ್ಲಿ. ನಾನು ರಸ್ತೆ ಬದಿಯಲ್ಲೇ ಬೈದೆ. ಅವರು ತಣ್ಣಗೆ, "ಡಾಕ್ಟರು ಅಲ್ಲೇ ಇರ್ತಾರೆ ನೀಲಕ್ಕ, ಓಡಿ ಹೋಗುವುದಿಲ್ಲ. ನಾವು ನಡುವಿನಲ್ಲಿ ಬಿಟ್ಟಿದ್ದರೆ ಆ ಹೆಣ್ಣು ಬಾವಿಯಲ್ಲೇ ನೇತಾಡ್ತಿದ್ದಳು" ಎಂದರು. ಇಂಥವರೊಡನೆ ಜಗಳವಾಡಿ ಗೆಲ್ಲುವುದು ಹೇಗೆ?

ಕಳೆದ ವರ್ಷ ಅವರ ಸ್ವರ ಒಡೆಯತೊಡಗಿತು. ಮೊದಲು ಶೀತವೆಂದರು, ಕಾಳುಮೆಣಸಿನ ಕಷಾಯ ಕುಡಿದರು. ಕೊನೆಗೆ ಓದುತ್ತಾ ಓದುತ್ತಾ ಮಾತು ಬರೀ ಗಾಳಿಯಾಗಿ ಹೋಗುವುದಕ್ಕೆ ಶುರುವಾದಾಗ ಸೊಸೆ ಶಹಲಾ ಮೂಡುಬಿದಿರೆಯ ಗಂಟಲಿನ ಡಾಕ್ಟರಲ್ಲಿಗೆ ಕರೆದುಕೊಂಡು ಹೋದಳು. ನನ್ನನ್ನೂ ಜೊತೆಗೆ ಎಳೆದರು. ಗಂಟಲೊಳಗೆ ಗಂಟು ಉಂಟು, ತೆಗೆದು ಪರೀಕ್ಷೆಗೆ ಕಳಿಸಬೇಕು, ಆಮೇಲೆ ಕೆಲವು ವಾರ ಪಿಸುಮಾತೂ ಕೂಡದು, ಸ್ವರ ಹಿಂದಿನ ಹಾಗೆ ಬರುತ್ತದೆಂದು ಖಂಡಿತ ಹೇಳಲಾಗದು ಎಂದರು ಡಾಕ್ಟರು. ಶಹಲಾ ಆಪರೇಷನಿನ ತಾರೀಕು ಕೇಳಿದಳು. ಖತೀಜಮ್ಮ, "ಈಗಲೇ ಆಗುವುದಿಲ್ಲ ಡಾಕ್ಟ್ರೇ. ಒಂದು ಪುಸ್ತಕ ಅರ್ಧದಲ್ಲಿ ಉಂಟು" ಎಂದರು.

ಅದು ಅಂಬಿಗನ ಮಗಳೊಬ್ಬಳ ಕಥೆ. ಅಪ್ಪ ಸತ್ತ ಮೇಲೆ ಅವಳೇ ದೋಣಿಯ ಹುಟ್ಟು ಹಿಡಿಯುತ್ತಾಳೆ. ಹೆಣ್ಣು ನಡೆಸುವ ದೋಣಿಗೆ ಊರಿನ ಒಬ್ಬರೂ ಕಾಲಿಡುವುದಿಲ್ಲ. ದಪ್ಪ ಪುಸ್ತಕ. ಇವರು ಓದುವ ರೀತಿಯಲ್ಲಿ, ಅದೂ ಒಡೆದ ಸ್ವರದಲ್ಲಿ, ಮುಗಿಯುವಾಗ ಗಂಟಲಿನ ಗಂಟು ಎಷ್ಟಾಗುತ್ತದೋ ದೇವರೇ ಬಲ್ಲ. ಶಹಲಾ ಅತ್ತಳು. ಅಝೀಮ್ ಫೋನಿನಲ್ಲಿ ಗದರಿದ. ಇವರು ಜಪ್ಪಯ್ಯ ಅನ್ನಲಿಲ್ಲ. ನನಗೆ ತಡೆಯಲಾಗದೆ, "ಉಳಿದದ್ದು ನಾನು ಓದಿ ಹೇಳ್ತೇನೆ, ಮೊದಲು ಆಪರೇಷನ್ ಮಾಡಿಸಿಕೊಳ್ಳಿ ಮಾರಾಯ್ತಿ!" ಎಂದು ಹೇಳಿಬಿಟ್ಟೆ. ಅವರು ನನ್ನನ್ನು ಮೇಲಿಂದ ಕೆಳಗೆ ನೋಡಿದರು. ನಾನು ಕಲಿತದ್ದು ಮೂರನೆಯ ಕ್ಲಾಸು. ಬಸ್ಸಿನ ಬೋರ್ಡು ಮತ್ತು ಮದುವೆಯ ಕಾಗದದಲ್ಲಿ ಹುಡುಗನ ಹೆಸರು ಓದಲು ನನಗೆ ಸಾಕಾಗುವಷ್ಟು. "ಬೇರೆಯವರ ಕೈಗೆ ದಾಟಿಸಬಾರದು. ನೀವೇ ಓದಬೇಕು" ಎಂದರು. ಒಪ್ಪಿದೆ. ಒಪ್ಪಿದ ನಾಲಿಗೆಯನ್ನು ಆಮೇಲೆ ಎಷ್ಟು ಶಪಿಸಿದೆನೋ.

ಆಪರೇಷನ್ ಆಯಿತು. ಪರೀಕ್ಷೆಯ ವರದಿಯಲ್ಲಿ ಭಯಪಡುವಂಥದ್ದೇನೂ ಬರಲಿಲ್ಲ. ಭಯಪಡುವಂಥದ್ದು ನನ್ನ ಜಗಲಿಯಲ್ಲಿತ್ತು. ಖತೀಜಮ್ಮ ಕುತ್ತಿಗೆಗೆ ಶಾಲು ಸುತ್ತಿ, ಒಂದು ಕೈಯಲ್ಲಿ ಸ್ಟೀಲಿನ ಲೋಟ, ಇನ್ನೊಂದರಲ್ಲಿ ಚಮಚ ಹಿಡಿದು ಕೂರುತ್ತಿದ್ದರು. ನಾನು ತಪ್ಪಿದಲ್ಲಿ ಟಣ್ ಎಂದು ಬಡಿಯುವುದು. ನಾನೋ ಒಂದೊಂದು ಅಕ್ಷರಕ್ಕೆ ಬೆರಳಿಟ್ಟು ನಡೆಯುವವಳು. ಒತ್ತಕ್ಷರ ಬಂದಲ್ಲಿ ಹೊಂಡಕ್ಕೆ ಬಿದ್ದ ರಿಕ್ಷಾದ ಹಾಗೆ ನಿಂತುಬಿಡುವುದು. ಟಣ್. ಮಾತಿನ ಕೊನೆಗೆ ಬರುವಾಗ ಮೊದಲು ಮರೆತುಹೋಗಿರುವುದು. ಟಣ್, ಟಣ್. ಒಂದು ದಿನ ಪುಸ್ತಕವನ್ನು ನೆಲಕ್ಕಿಟ್ಟು, "ನಿಮ್ಮ ಗಂಟಲು ಕುಯ್ಯುವ ಬದಲು ಆ ಡಾಕ್ಟರು ನನ್ನ ಕಿವಿ ಕುಯ್ದಿದ್ದರೆ ಆಗ್ತಿತ್ತು!" ಎಂದು ಕೂಗಿದೆ. ಅವರು ಸದ್ದಿಲ್ಲದೆ, ಭುಜ ಕುಲುಕಿಸಿ ನಕ್ಕರು. ಪುಸ್ತಕವನ್ನು ಎತ್ತಿ ಪುನಃ ನನ್ನ ಮಡಿಲಿಗಿಟ್ಟರು.

ಶಹಲಾ ಕರುಣೆಯಿಂದ, "ಉಮ್ಮಾ, ನಾನು ಓದ್ತೇನೆ, ಎರಡು ದಿನದಲ್ಲಿ ಮುಗಿಸಿಬಿಡುವ" ಎಂದಳು. ಇವರು ತಲೆಯಲ್ಲಾಡಿಸಿ ನನ್ನತ್ತ ಕೈ ತೋರಿಸಿದರು. ಕೊನೆಯ ಪುಟ ತೆರೆದು ಆ ಹುಡುಗಿಯ ಗತಿ ಏನಾಯಿತೆಂದು ನೋಡಿಬಿಡುವ ಎಂದು ನಾನು ಹೊರಟರೆ ಅಂಗೈ ಅಡ್ಡ ಇಟ್ಟರು. ಹೀಗೆ ಬೈಯುತ್ತಾ, ಬೈಸಿಕೊಳ್ಳುವ ಬದಲು ಚಮಚದ ಟಣ್ ಕೇಳಿಸಿಕೊಳ್ಳುತ್ತಾ ಸಾಗುವಾಗ, ಅಕ್ಷರಗಳು ಯಾವಾಗ ಕೈ ಹಿಡಿದು ನಿಂತವೋ ಗೊತ್ತಿಲ್ಲ. ಒಂದು ಮಧ್ಯಾಹ್ನ ಕಥೆಯ ಹೊಳೆಯಲ್ಲಿ ನೆರೆ ಏರುತ್ತಿತ್ತು, ದಡದಲ್ಲಿ ಹೆರಿಗೆನೋವಿನ ಹೆಂಗಸನ್ನು ಹೊತ್ತು ತಂದ ಜನ ನಿಂತಿದ್ದರು, ಅವಳನ್ನು ಆಚೆಗೆ ದಾಟಿಸಲು ಹುಡುಗಿಯ ದೋಣಿ ಬಿಟ್ಟರೆ ಬೇರೆ ಇರಲಿಲ್ಲ. ಓದಿ ತಲೆ ಎತ್ತಿದಾಗ ಕತ್ತರಿಸಲು ನೆನೆಸಿಟ್ಟಿದ್ದ ಬೀಡಿ ಎಲೆಯೆಲ್ಲ ಒಣಗಿ ಮುರುಟಿತ್ತು. ಲೋಟ ಒಮ್ಮೆಯೂ ಸದ್ದು ಮಾಡಿರಲಿಲ್ಲ.

ಸ್ವಲ್ಪವೇ ಪುಟ ಉಳಿದಿರುವಾಗ ಡಾಕ್ಟರು ಮಾತಾಡಲು ಒಪ್ಪಿಗೆ ಕೊಟ್ಟರು. ಸ್ವರ ಬಂತು, ತಗ್ಗಿದ, ಒರಟಾದ, ಗಂಡಸಿನಂಥ ಸ್ವರ. ಮೂಡುಬಿದಿರೆಯಿಂದ ನೇರ ನನ್ನ ಜಗಲಿಗೇ ಬಂದರು. ಬಿಡುಗಡೆಯಾಯಿತೆಂದು ನಾನು ಪುಸ್ತಕ ಚಾಚಿದೆ.

"ತಕೊಳ್ಳಿ, ಇನ್ನು ನಿಮ್ಮದು."

"ನೀವೇ ಓದಿ ನೀಲಕ್ಕ."

"ಯಾಕೆ? ಸ್ವರ ಬಂತಲ್ಲ?"

"ಬಂತು, ಮಾತಾಡಲಿಕ್ಕೆ." ಶಾಲು ಸರಿ ಮಾಡಿಕೊಂಡರು. "ಇಷ್ಟು ವರ್ಷ ನಾನು ಊರಿಗೆಲ್ಲ ಓದಿದೆ. ನನಗೆ ಯಾರಾದರೂ ಓದಿ ಹೇಳಿದ್ದುಂಟಾ?"

ಬೈಯಲು ತೆರೆದ ಬಾಯಿಯಲ್ಲೇ ಓದತೊಡಗಿದೆ. ದೋಣಿ ಆಚೆ ದಡ ಮುಟ್ಟಿತು. ಅಲ್ಲಿ ಹೆತ್ತ ಹೆಂಗಸು ಮಗುವಿಗೆ ದೋಣಿ ನಡೆಸಿದವಳ ಹೆಸರನ್ನೇ ಇಟ್ಟಳು, ಆ ಸಾಲನ್ನು ಯಾರೂ ಹೇಳದೆ ನಾನೇ ಎರಡು ಸಲ ಓದಿದೆ. ಖತೀಜಮ್ಮ ಕಣ್ಣು ಮುಚ್ಚಿ, ಮೊದಲ ಸಲ ಕಥೆ ಕೇಳುವ ಮಗುವಿನ ಹಾಗೆ ಬಾಯಿ ಸ್ವಲ್ಪ ತೆರೆದು ಕೂತಿದ್ದರು.

ಇಂಥವರು ಪ್ರತಿ ಊರಿನಲ್ಲೂ ಒಬ್ಬರಾದರೂ ಇರುತ್ತಾರೆ. ಓದುವುದರಿಂದ ಏನು ಲಾಭವೆಂದು ಅವರು ನಿಮಗೆ ಹೇಳುವುದಿಲ್ಲ. ಉಪದೇಶ ಮಾಡಿದ್ದರೆ ಕೇಳಿ ಮರೆತುಬಿಡಬಹುದಿತ್ತು. ಪುಸ್ತಕ ಕೊಟ್ಟು ಕಳಿಸುವುದೂ ಇಲ್ಲ. ನೀವು ಅದನ್ನು ಕಪಾಟಿನ ಮೇಲಿಟ್ಟು ಧೂಳು ಹಿಡಿಸುತ್ತೀರೆಂದು ಅವರಿಗೆ ಗೊತ್ತು. ಒಂದು ಕಥೆಯನ್ನು ನಿಮ್ಮ ಮನೆಯೊಳಗೆ ಅರ್ಧಕ್ಕೆ ತಂದು ನಿಲ್ಲಿಸಿ, ಮುಂದಿನದಕ್ಕೆ ನೀವಿಲ್ಲದೆ ಆಗುವುದಿಲ್ಲವೆಂದು ಹಟ ಹಿಡಿದು ಕೂರುತ್ತಾರೆ. ಅವರಿಂದ ಬಿಡಿಸಿಕೊಳ್ಳುವ ದಾರಿ ನನಗಂತೂ ಗೊತ್ತಿಲ್ಲ. ಬಿಡಿಸಿಕೊಳ್ಳಬೇಕೆಂದು ನೆನಪಾಗುವ ಹೊತ್ತಿಗೆ ನಾವು ಮುಂದಿನ ಸಾಲಿಗೆ ಬೆರಳಿಟ್ಟಾಗಿರುತ್ತದೆ.