ಹೊಸ ಮುಳ್ಳಿನ ಬೇಲಿ

ಐಮಂಗಲದ ಆಚೆಯ ಗೊಲ್ಲರಹಟ್ಟಿಯ ಮುಳ್ಳುಬೇಲಿ ಮೂರ್ತಪ್ಪನ ಕಡಲೆಕಾಯಿ ಮಿಲ್ಲಿನ ದಾರಿಗೆ ಅಡ್ಡವಾಗಿತ್ತು. ೧೯೭೩ರಲ್ಲಿ ಹಿರಿಯೂರಿನ ಮುನ್ಸೀಫರು ತೀರ್ಪು ಕೊಟ್ಟರು: ಸರ್ಕಾರ ಕೆರೆಯ ಮಗ್ಗುಲಿನ ಎರಡು ಎಕರೆ ವಶಪಡಿಸಿಕೊಂಡು ಹಟ್ಟಿಯವರಿಗೆ ಕೊಡಬೇಕು, ಬೇಲಿಯನ್ನು ತೆಗೆಸಬೇಕು.

ವರ್ಷವಾದರೂ ಎರಡೂ ಆಗಲಿಲ್ಲ. ನ್ಯಾಯಾಂಗ ನಿಂದನೆಯೆಂದು ಮೂರ್ತಪ್ಪ ಅರ್ಜಿ ಹಾಕಿದ. ನೋಟಿಸು ರೆವಿನ್ಯೂ ಇನ್‌ಸ್ಪೆಕ್ಟರ್ ಗಂಗಾಧರಪ್ಪನವರಿಗೆ ಬಂತು. ಶಿಕ್ಷೆಯಾದರೆ ಕೆಲಸ ಹೋಗುತ್ತಿತ್ತು. ಜಮೀನಿನ ಫೈಲು ಮೇಲಿನ ಕಚೇರಿಯಲ್ಲಿತ್ತು. ಬೇಲಿಯಾದರೋ ಕೈಗೆ ಸಿಗುವಂತಿತ್ತು. ಯುಗಾದಿಗೆ ಒಂದು ವಾರವಿರುವಾಗ ಅವರು ನಾಲ್ಕು ಆಳು ಕರೆದುಕೊಂಡು ಹೋದರು.

ಹಟ್ಟಿಯ ಹಿರಿಯ ಕಾಟಯ್ಯ ಬಾಗಿಲಲ್ಲೇ ಇದ್ದ. "ಚಪ್ಪಲಿ ಅಲ್ಲೇ ಬಿಡ್ರಿ ಸ್ವಾಮಿ. ಒಳಗೆ ದೇವರೈತೆ."

"ಬೇಲಿ ಕೀಳಾಕೆ ಬಂದೀವಿ ಕಾಟಯ್ಯ. ಕೋರ್ಟಿನ ಆರ್ಡರು."

"ಕೀಳ್ರಿ, ಒಳ್ಳೆ ಟೈಮಿಗೆ ಬಂದ್ರಿ. ಲೇ, ಎಲ್ರೂ ಬರ್ರಿ ಲೇ!"

ಜಗಳಕ್ಕೆ ಸಿದ್ಧರಾಗಿ ಬಂದಿದ್ದ ಗಂಗಾಧರಪ್ಪನವರು ಚಪ್ಪಲಿ ಕಳಚಿಟ್ಟು ತಾವೂ ಮುಳ್ಳು ಎಳೆಯತೊಡಗಿದರು. ಹಟ್ಟಿಯ ಗಂಡಸರೆಲ್ಲ ಕೈಹಾಕಿ ಕಿತ್ತು ಬೆಂಕಿ ಇಟ್ಟರು. ಮಧ್ಯಾಹ್ನದೊಳಗೆ ಬೇಲಿ ಬೂದಿಯಾಯಿತು. ಕಾಟಯ್ಯನ ಹೆಂಡತಿ ಪಾಲಮ್ಮ ಎಲ್ಲರಿಗೂ ಮಜ್ಜಿಗೆ ಕೊಟ್ಟಳು. ಬೇಲಿ ತೆರವಾಗಿದೆಯೆಂಬ ಮಹಜರಿಗೆ ಕಾಟಯ್ಯ ಸಂತೋಷವಾಗಿ ಹೆಬ್ಬೆಟ್ಟು ಒತ್ತಿದ.

ಅವತ್ತು ಸಂಜೆ, ಕುರಿ ಬರುವುದರೊಳಗೆ, ಹಟ್ಟಿಯವರು ಹೊಸ ಕಾರೆಮುಳ್ಳು ತಂದು ಅದೇ ಜಾಗದಲ್ಲಿ ಬೇಲಿ ಹಾಕಿದರು. ಪ್ರತಿ ವರ್ಷ ಯುಗಾದಿಯ ಮುಂಚೆ ಹಳೆಯದನ್ನು ಸುಟ್ಟು ಹೊಸದು ಹಾಕುವುದು ಅವರ ಪದ್ಧತಿ.

ಮೂರ್ತಪ್ಪ ಮತ್ತೆ ದೂರಿದ. ಯುಗಾದಿ ಕಳೆದು ತಿಂಗಳಾದ ಮೇಲೆ ಮುನ್ಸೀಫರು ಗಂಗಾಧರಪ್ಪನವರ ಜೊತೆ ಕಾಟಯ್ಯನನ್ನೂ ಕರೆಸಿದರು. "ಇವರು ಕೋರ್ಟಿನ ಆರ್ಡರು ಅಂತ ಹೇಳಲಿಲ್ಲವೇ?"

"ಹೇಳಿದ್ರು ಬುದ್ಧಿ. ಕೋರ್ಟಿನೋರಿಗೂ ನಮ್ಮ ಯುಗಾದಿ ನೆನಪೈತಲ್ಲ ಅಂದ್ಕಂಡ್ವಿ."

"ಮತ್ತೆ ಯಾಕೆ ಹಾಕಿದೆ?"

"ಅದು ಹಳೇದು, ಇದು ಹೊಸದು. ಹಾಕ್ದೆ ಕುರೀನೆಲ್ಲ ತೋಳಕ್ಕೆ ಕೊಡ್ಲಾ? ಈ ಸ್ವಾಮೇರು ಮಾತ್ರ ಚೆಂದಾಗಿ ಕೆಲ್ಸ ಮಾಡಿದ್ರು. ಕಾಲಿಗೆ ಎಲ್ಡು ಮುಳ್ಳು ಮುರುದ್ರೂ ಬಿಡ್ಲಿಲ್ಲ."

ಮುನ್ಸೀಫರು ಕಾಲು ತೋರಿಸಲು ಹೇಳಿದರು. ಗಂಗಾಧರಪ್ಪನವರು ತೋರಿಸಿದರು. ದಫೇದಾರ ಬಗ್ಗಿ ನೋಡಿ ಹೌದೆಂದ. ಅದೂ ದಾಖಲಾಯಿತು.

"ಬೇಲಿಯ ಮಟ್ಟಿಗೆ ಆಜ್ಞೆ ಪಾಲಿಸಿದ್ದೀರಿ. ಜಮೀನಿನ ಮಟ್ಟಿಗೆ ಇಲ್ಲ. ತಿಂಗಳೊಳಗೆ ಜಮೀನು ಕೊಡಿಸಿ ಹಟ್ಟಿಯವರನ್ನು ಅಲ್ಲಿಗೆ ಕಳಿಸಿ. ಇಲ್ಲದಿದ್ದರೆ ಹೈಕೋರ್ಟಿಗೆ ಬರೆಯುತ್ತೇನೆ."

ಗಂಗಾಧರಪ್ಪನವರು ರಜೆ ಹಾಕಿ ಮೇಲಿನ ಕಚೇರಿಯ ಬೆಂಚಿನ ಮೇಲೆ ಕುಳಿತರು. ಹತ್ತೊಂಬತ್ತನೆಯ ದಿನ, ಅವರ ಮುಖ ನೋಡಿ ನೋಡಿ ಬೇಸತ್ತ ಗುಮಾಸ್ತ ಫೈಲು ಹುಡುಕಿ ರುಜು ಹಾಕಿಸಿಕೊಟ್ಟ. ಅಲ್ಲಿಂದ ನೇರ ಹಟ್ಟಿಗೆ ಬಂದರು.

"ಕೆರೆ ಮಗ್ಗಲ ಜಮೀನು ನಿಮ್ದಾತು ಕಾಟಯ್ಯ! ನಾಳೇನೇ ಹೋಗಾಣ."

"ಭಾಳ ಸಂತೋಷ. ಕುಂತ್ಕಳ್ರಿ. ಆದ್ರೆ ದೇವರ ಹೆಸರಲ್ಲಿ ಹಾಕಿದ ಮುಳ್ಳು ಸ್ವಾಮಿ, ಬರೋ ಯುಗಾದಿ ತಂಕ ಮುಟ್ಟಂಗಿಲ್ಲ, ಬಿಟ್ಟು ಹೋಗಂಗೂ ಇಲ್ಲ."

"ನನ್ ಕೆಲ್ಸ ಹೋಗ್ತೈತಲ್ಲಪ್ಪ!"

"ಹತ್ತೇ ತಿಂಗ್ಳು. ಕೋರ್ಟಿನೋರಿಗೆ ಒಂದ್ಮಾತು ಹೇಳಿ ನೋಡ್ರಿ. ಒಳ್ಳೇರು ಅವ್ರು."

ಗಂಗಾಧರಪ್ಪನವರು ಕಲ್ಲಿನ ಮೇಲೆ ಕುಳಿತು, ಬೇಲಿ ಹೊಸದಾಗಿರುವ ಕಾರಣ ಹತ್ತು ತಿಂಗಳ ಅವಧಿ ದಯಪಾಲಿಸಬೇಕೆಂದು ಅರ್ಜಿ ಬರೆಯತೊಡಗಿದರು.