ದ್ರಾಕ್ಷಿ ಪೆಟ್ಟಿಗೆಗೆ ಹಾಸಿದ ಪುಸ್ತಕಗಳು

ಶೆಡ್ಡಿನಲ್ಲಿ ಹೆಂಗಸರು ಬೆಳಗಿನಿಂದ ದ್ರಾಕ್ಷಿ ತುಂಬುತ್ತಿದ್ದರು. ಪೆಟ್ಟಿಗೆಯ ಅಡಿಗೆ ಹಳೇ ಪೇಪರು ಹಾಸಬೇಕು, ಒಡೆದ ಹಣ್ಣು ಕಿತ್ತು ಗೊಂಚಲು ಜೋಡಿಸಬೇಕು, ಮೇಲೊಂದು ಹಾಳೆ ಮುಚ್ಚಬೇಕು. ಮಧ್ಯಾಹ್ನದೊಳಗೆ ಲಾರಿ ಘಾಟಿ ಹತ್ತಿ ಕೇರಳಕ್ಕೆ ಇಳಿಯುತ್ತದೆ. ತಮಿಳುನಾಡಿನ ಕಂಬಂ ಊರಿನ ಸುತ್ತಿನ ತೋಟಗಳಲ್ಲೆಲ್ಲ ನಡೆಯುವ ಕೆಲಸವೇ. ಆವತ್ತು ಪೇಪರು ಮಾತ್ರ ಬೇರೆ ಇತ್ತು.

ತೋಟದ ಯಜಮಾನ ಪೆರಿಯಣ್ಣನ್ ದಿಂಡಿಗಲ್ಲಿನಿಂದ ಮೂಟೆಗಟ್ಟಲೆ ಪುಸ್ತಕ ತಂದು ಸುರಿದಿದ್ದ. ಹೋದ ತಿಂಗಳು ತೀರಿಕೊಂಡ ತಂಗಿ ಪಾಂಡಿಯಮ್ಮಾಳ್‌ನ ಪುಸ್ತಕಗಳು ಅವು. ಕಾಲೇಜಿನಲ್ಲಿ ಚರಿತ್ರೆ ಕಲಿಸುತ್ತಿದ್ದವಳು, ಹೆಂಗಸರ ಚರಿತ್ರೆ ಬರೆದವಳು. ಅವಳು ಬರೆದದ್ದು, ಕೂಡಿಟ್ಟದ್ದು ಎಲ್ಲ ಆ ರಾಶಿಯಲ್ಲಿತ್ತು.

"ಗಟ್ಟಿ ಪೇಪರ್ ಕಣಕ್ಕಾ," ಎಂದಳು ಕೂಲಿಗೆ ಬಂದಿದ್ದ ಮುತ್ತಮ್ಮಾಳ್. "ನೀರ್ ಬಿದ್ರೂ ಹರಿಯಾಕಿಲ್ಲ. ಓದಿದೋರ ಪೇಪರ್ ಅಂದ್ರೆ ಸುಮ್ನೆನಾ?"

ಹೆಂಗಸರು ನಕ್ಕರು. ಪೆರಿಯಣ್ಣನ್‌ನ ಹೆಂಡತಿ ರಾಜಮ್ಮಾಳ್ ನಗಲಿಲ್ಲ. ಅವಳಿಗೆ ಓದಲು ಬರುತ್ತಿತ್ತು. ಆದ್ದರಿಂದಲೇ ಹಾಳೆಯ ಕಡೆ ನೋಡದೆ ಹರಿಯುತ್ತಿದ್ದಳು.

ಮೊದಲ ಲಾರಿ ಹೋದ ಮೇಲೆ ಅಮುದಾ ಬಂದಳು. ದಿಂಡಿಗಲ್ಲಿನ ಮನೆಯಲ್ಲಿ ಪಾಂಡಿಯಮ್ಮಾಳ್ ಜೊತೆ ಇಪ್ಪತ್ತೈದು ವರ್ಷ ಬಾಳಿದವಳು. ಬಸ್ಸಿನಿಂದ ಇಳಿದು ಬಿಸಿಲಲ್ಲಿ ನಡೆದು ಬಂದ ಮುಖ ಕಪ್ಪಿಟ್ಟಿತ್ತು. ಪೆಟ್ಟಿಗೆಗಳನ್ನು ನೋಡಿದಳು, ಹಾಸಿದ ಹಾಳೆಗಳನ್ನು ನೋಡಿದಳು. ತಮಿಳುನಾಡಿನಲ್ಲಿದ್ದೂ ಈ ಮನೆಯವರು ತಮ್ಮೊಳಗೆ ಆಡುವುದು ಕನ್ನಡ; ಪಾಂಡಿಯಮ್ಮಾಳ್‌ನಿಂದ ಕಲಿತ ಆ ಮನೆಗನ್ನಡದಲ್ಲೇ ಮಾತೆತ್ತಿದಳು.

"ಅಣ್ಣಾ, ಮನೆ ಬಿಟ್ಕೊಟ್ಟೆ. ಬೇರೇನೂ ಕೇಳಾಕಿಲ್ಲ. ಪುಸ್ತಕ ಕೊಡಿ, ಸಾಕು."

ಪೆರಿಯಣ್ಣನ್ ತಮಿಳಿನಲ್ಲಿ ಉತ್ತರ ಕೊಟ್ಟ. ಹೊರಗಿನವರ ಜೊತೆ ಆಡುವ ಮರ್ಯಾದೆಯ ತಮಿಳು. ಬಂದಿದ್ದೀರಿ, ನೀರು ಕುಡಿಯಿರಿ, ಮುಂದಿನ ಬಸ್ಸು ಹಿಡಿಯಿರಿ ಎಂದ. ಅಮುದಾ ಕದಲಲಿಲ್ಲ. ಆಗ ಅವನಿಗೆ ತಮಿಳು ಸಾಲದಾಯಿತು, ಕನ್ನಡಕ್ಕೆ ತಿರುಗಿದ.

"ನೋಡು, ಅವ್ಳ ಮೊದಲ್ನೇ ಪುಸ್ತಕ ನಾನೇ ಊರೆಲ್ಲ ಹಂಚ್ದೋನು. ನಮ್ಮ ಹೆಂಗಸ್ರು ಬಾವಿ ತೋಡಿದ್ದು, ಹೊಲ ಮಾಡಿದ್ದು ಬರ್ದಿದ್ಲು. ಎದೆ ಎತ್ಕೊಂಡು ತಿರುಗ್ದೆ. ಆಮೇಲೆ ಎರಡನೇದು ಬಂತು. ಹೆಣ್ಣೂ ಹೆಣ್ಣೂ ಆಸೆ ಪಟ್ಟು ಒಂದೇ ಮನೇಲಿ ಬಾಳಿದ ಚರಿತ್ರೆ. ಅದ್ರ ಮೊದಲ ಹಾಳೇಲಿ ಅರ್ಪಣೆ ಅಂತ ನಮ್ಮಪ್ಪನ ಹೆಸ್ರು, ಅದ್ರ ಕೆಳಗೆ ನಿನ್ನ ಹೆಸ್ರು. ನಿಲಕ್ಕೋಟ್ಟೈ ಊರಿನ ಗಂಡಿನ ಕಡೆಯೋರು ನನ್ನ ಮಗಳನ್ನ ನೋಡಿ ಒಪ್ಕೊಂಡಿದ್ರು. ಯಾರೋ ಆ ಪುಸ್ತಕ ತೋರ್ಸಿದ್ರು. ಆಮೇಲೆ ಫೋನೇ ಎತ್ಲಿಲ್ಲ."

"ಅದ್ಕೆ ಅವ್ಳೂ ಅತ್ತಿದ್ಲು ಅಣ್ಣಾ. ಆದ್ರೆ ಬರ್ದಿದ್ದು ಸುಳ್ಳಾ?"

"ನಿಜ ಅಂದ್ರೆ ಪ್ರಿಂಟ್ ಹಾಕ್ಬೇಕಾ?"

"ಹಾಕ್ದೇ ಹೋದ್ರೆ ಇದ್ದೋರು ಇಲ್ದಂಗೆ ಆಗ್ತಾರೆ."

"ಯಾರು, ನೀನಾ? ನೀನ್ ಅವ್ಳಿಗೆ ಏನಾಗ್ಬೇಕು? ಒಂದ್ ಸೂರಿನ ಕೆಳಗೆ ಬಾಡಿಗೆಯೋರೂ ಇರ್ತಾರೆ. ಅವ್ಳು ಸತ್ತಾಗ ನಿಂಗೆ ಯಾರಾದ್ರೂ ಕೋಡಿ ಹಾಕಿದ್ರಾ?"

ಶೆಡ್ಡಿನಲ್ಲಿ ಕೈಗಳು ನಿಂತವು. ಕೋಡಿ ಎಂದರೆ ಗಂಡ ಸತ್ತವಳಿಗೆ ತವರಿನ ಗಂಡಸರು ತಂದು ಹೊದಿಸುವ ಹೊಸ ಸೀರೆ. ಅದು ಹೆಗಲಿಗೆ ಬೀಳುವ ದಿನ ಬಾರದಿರಲಿ ಎಂದು ಬೇಡಿಕೊಳ್ಳದ ಹೆಂಗಸು ಆ ಊರಲ್ಲಿಲ್ಲ. ಅಮುದಾಳ ತವರು ಅವಳನ್ನು ಎಂದೋ ಕೈಬಿಟ್ಟಿತ್ತು. ಸಾವಿನ ದಿನ ಕಾಲೇಜಿನವರ ಜೊತೆ ಗೇಟಿನ ಹತ್ತಿರ ನಿಂತಿದ್ದಳು. ರಾಜಮ್ಮಾಳ್ ಅವಳಿಗೆ ಒಂದು ಲೋಟ ನೀರು ಕೊಟ್ಟು ಒಳಗೆ ಬಂದುಬಿಟ್ಟಿದ್ದಳು. ಅಷ್ಟೇ.

ರಾಜಮ್ಮಾಳ್ ಎದ್ದಳು. ಅಂಟು ಕೈ ತೊಳೆದು ಮನೆಯೊಳಗೆ ಹೋದಳು. ದೀಪಾವಳಿಗೆಂದು ತಂದು ಮಡಿಕೆ ಬಿಚ್ಚದ ಸೀರೆಯೊಂದನ್ನು ಹಿಡಿದು ಬಂದಳು. ಅಮುದಾಳ ಹೆಗಲಿಗೆ ಹೊದಿಸಿದಳು.

"ನಿನ್ನ ತವರಿಂದ ಯಾರೂ ಬರ್ಲಿಲ್ಲ. ನಾನ್ ಬಂದೆ ಅಂತ ಇಟ್ಕೊ."

"ಏಯ್, ತಲೆ ಕೆಟ್ಟೋಯ್ತಾ?" ಎಂದ ಪೆರಿಯಣ್ಣನ್. "ಕೋಡಿ ಗಂಡಸ್ರು ತರ್ಬೇಕು."

"ತರ್ಲಿಲ್ವಲ್ಲ."

ಅಮುದಾ ಸೀರೆಯ ಅಂಚನ್ನು ಬೆರಳಲ್ಲಿ ಮುಟ್ಟಿ ನೋಡಿದಳು. "ಇದನ್ನ ಬೈದೇ ಅವ್ಳು ಒಂದು ಅಧ್ಯಾಯ ಬರ್ದಿದ್ಲು ಅಕ್ಕಾ."

"ಗೊತ್ತು. ನಮ್ಮವ್ವಂಗೆ ಹಾಕಿದ ದಿನದ ಕತೆ ಕೇಳ್ಕೊಂಡೋಗಿದ್ದು ನನ್ನ ಹತ್ರಾನೇ. ಬೈದ್ರೆ ಬೈಲಿ. ನನ್ ಕೈಲಿ ಬೇರೇನೂ ಇಲ್ಲ."

ಹೇಳಿದವಳು ಬಗ್ಗಿ, ತುಂಬಿಟ್ಟ ಪೆಟ್ಟಿಗೆಯೊಂದರಿಂದ ಗೊಂಚಲುಗಳನ್ನು ಎತ್ತಿ ಚಾಪೆಯ ಮೇಲಿಟ್ಟಳು. ಅಡಿಯ ಹಾಳೆಗಳನ್ನು ಬಿಡಿಸಿ ಸೆರಗಿನಲ್ಲಿ ಒರೆಸಿದಳು. ಎರಡನೆಯ ಪೆಟ್ಟಿಗೆಗೆ ಕೈ ಹಾಕಿದಳು. ಮುತ್ತಮ್ಮಾಳ್ ಸ್ವಲ್ಪ ಹೊತ್ತು ಯಜಮಾನನ ಮುಖ ನೋಡಿ, "ಕೂಲಿ ಮುರ್ಕೊಳ್ದಿದ್ರೆ ಸರಿ," ಎಂದು ಗೊಣಗುತ್ತಲೇ ಮೂರನೆಯದನ್ನು ಎಳೆದುಕೊಂಡಳು.

"ಲಾರಿ ಬರೋ ಹೊತ್ತು," ಎಂದ ಪೆರಿಯಣ್ಣನ್.

"ಕಾಯ್ಲಿ."

ಅವನು ತಡೆಯಲಿಲ್ಲ, ಕೈಯನ್ನೂ ಹಾಕಲಿಲ್ಲ. ಫೋನು ಹಿಡಿದು ಬಳ್ಳಿಗಳ ಕಡೆ ನಡೆದುಬಿಟ್ಟ. ಮೊದಲ ಲಾರಿಯಲ್ಲಿ ಹೋದದ್ದು ಹೋಗಿತ್ತು. ಹರಿದದ್ದು, ಹರಿಯದೆ ಉಳಿದದ್ದು ಎಲ್ಲ ಸೇರಿ ಎರಡು ಮೂಟೆ ಸಿಕ್ಕಿತು. ಎರಡನೆಯ ಪುಸ್ತಕ ಇಡಿಯಾಗಿ ಒಂದೂ ಸಿಗಲಿಲ್ಲ.

ಒಂದೊಂದು ಮೂಟೆ ಹೊತ್ತು ರಾಜಮ್ಮಾಳ್, ಅಮುದಾ ಇಬ್ಬರೂ ಬಸ್‌ಸ್ಟಾಪಿಗೆ ಬಂದರು. ಎದುರಿನ ಬೀದಿಯಿಂದ ಯಾರದೋ ನಿಶ್ಚಿತಾರ್ಥಕ್ಕೆ ಹೂವು ಹಣ್ಣಿನ ತಟ್ಟೆ ಹಿಡಿದ ಹೆಂಗಸರು ಬರುತ್ತಿದ್ದರು. ಮುಂದಿದ್ದವಳ ಕಣ್ಣು ಅಮುದಾಳ ಕುಂಕುಮವಿಲ್ಲದ ಹಣೆಯ ಮೇಲೆ, ಹೆಗಲ ಹೊಸ ಸೀರೆಯ ಮೇಲೆ ಬಿತ್ತು. ಅವಳು ತಟ್ಟನೆ ನಿಂತಳು.

"ಕೋಡಿ ಹಾಕ್ಕೊಂಡು ಎದುರಿಗೆ ಬರ್ತವ್ಳೆ. ಶಕುನ ಸರಿಯಿಲ್ಲ, ತಿರುಗ್ರೇ," ಎಂದಳು. ತಟ್ಟೆಗಳು ಹಿಂದಕ್ಕೆ ತಿರುಗಿದವು.

ರಾಜಮ್ಮಾಳ್‌ಗೆ ಮೈ ಉರಿಯಿತು. ಮಾಡಿದ್ದು ತಪ್ಪಾಯಿತೇನೋ ಎನಿಸಿತು. ಮೂಟೆ ಇಳಿಸಿ ಅವರನ್ನು ಕೂಗಲು ಹೊರಟವಳ ಮಣಿಕಟ್ಟನ್ನು ಅಮುದಾ ಹಿಡಿದಳು. ಇಷ್ಟು ದಿನ ಒಣಗಿದ್ದ ಕಣ್ಣು ಈಗ ತುಂಬಿತ್ತು.

"ಬಿಡಿ ಅಣ್ಣಿ," ಎಂದಳು. ಅಣ್ಣನ ಹೆಂಡತಿಯನ್ನು ಕರೆಯುವ ಆ ಮಾತನ್ನು ಅವಳು ಹಿಂದೆ ಎಂದೂ ಆಡಿರಲಿಲ್ಲ. "ನಾನ್ ಯಾರು ಅಂತ ಅವ್ರಿಗಾದ್ರೂ ಗೊತ್ತಾಯ್ತಲ್ಲ."

ಬಸ್ಸು ಬರುವವರೆಗೂ ಅವಳು ಸೀರೆಯನ್ನು ಹೆಗಲಿನಿಂದ ತೆಗೆಯಲಿಲ್ಲ.