ಅಜ್ಜಿಯ ರಾತ್ರಿ ಊಟ

ಮೂರನೇ ಎಪಿಸೋಡಿನಲ್ಲಿ ನಮ್ಮಜ್ಜಿ ರಾತ್ರಿ ಹೊತ್ತು ಅನ್ನ ತಿನ್ನುತ್ತಾರಂತೆ. ನೋಡಿದವರು ಜಿನಶ್ರೀ ಅತ್ತೆ, ಅಪ್ಪನ ದೊಡ್ಡಪ್ಪನ ಮಗಳು. ಬಸದಿ ಕಟ್ಟೆ ಮೇಲೆ ಎಲ್ಲರೆದುರು, ಕ್ಯಾಮೆರಾ ಕಂಡ ಕೂಡಲೇ ಚಿಕ್ಕಮ್ಮ ವ್ರತ ಬಿಟ್ಟರು ಅಂತ ನಕ್ಕರಂತೆ.

ನಾವು ಜೈನರು. ಹೊತ್ತು ಮುಳುಗುವುದರೊಳಗೆ ನಮ್ಮ ಮನೆಯಲ್ಲಿ ಊಟ ಮುಗಿದಿರುತ್ತದೆ. ಮದುವೆಯಾಗಿ ಬೆಳಗೊಳಕ್ಕೆ ಬಂದಾಗಿನಿಂದ ತ್ರಿಶಲಜ್ಜಿ ಒಂದು ದಿನವೂ ತಪ್ಪಿದವರಲ್ಲ. ಹೋದ ವರ್ಷ ವೆಬ್ ಸೀರೀಸಿನವರು ನಮ್ಮ ನಡುಮನೆಯಲ್ಲಿ ಶೂಟಿಂಗ್ ಮಾಡಿದಾಗ ಅಜ್ಜಿಯನ್ನೂ ತಟ್ಟೆ ಮುಂದೆ ಕೂರಿಸಿದ್ದರು. ಆಗ ಮಟಮಟ ಮಧ್ಯಾಹ್ನವಂತೆ. ಕಿಟಕಿಗಳಿಗೆ ಕರಿ ಬಟ್ಟೆ ಕಟ್ಟಿ, ದೀಪ ಹಚ್ಚಿ ರಾತ್ರಿ ಮಾಡಿಕೊಂಡಿದ್ದರಂತೆ. ನಾನು ಹಾಸನದಲ್ಲಿ ಪರೀಕ್ಷೆ ಬರೆಯುತ್ತಿದ್ದೆ. ಅಜ್ಜಿ ಹೇಳಿದ್ದು ಬಿಟ್ಟರೆ ಬೇರೆ ಸಾಕ್ಷಿ ಇಲ್ಲ.

"ಸಮತಾ, ಅದೇನು ತೋರ್ಸವ್ರೋ ನಾನೂ ನೋಡ್ಬೇಕು," ಅಂದರು ಅಜ್ಜಿ.

ಸೀರೀಸಿನ ಆ್ಯಪ್ ಹಾಕಲು ಹೋದರೆ ನನ್ನ ಫೋನಿನಲ್ಲಿ ಜಾಗವಿಲ್ಲ. ಡಿಗ್ರಿಯ ನೋಟ್ಸ್‌ಗಳನ್ನೆಲ್ಲ ಅಳಿಸಿದೆ. ಇಳಿಯಿತು. ಚಂದಾ ಇದ್ದದ್ದು ಅಪ್ಪನ ನಂಬರಿಗೆ. ಓಟಿಪಿ ಚನ್ನರಾಯಪಟ್ಟಣದಲ್ಲಿರುವ ಅಪ್ಪನ ಪಾತ್ರೆ ಅಂಗಡಿಗೆ ಹೋಗಿ ಕೂತಿತು. ಫೋನಿನಲ್ಲಿ ಮಾತಾಡುವುದೆಂದರೆ ನನಗೆ ಅಪ್ಪನ ಹತ್ತಿರವೂ ಬಾಯಿ ಒಣಗುತ್ತದೆ. ಆದರೂ ಫೋನ್ ಮಾಡಿದೆ. ಓಟಿಪಿ ಯಾರಿಗೂ ಹೇಳಬಾರದು ಅಂತ ಬ್ಯಾಂಕಿನವರು ಹೇಳಿದ್ದಾರೆ ಎಂದು ಅಪ್ಪ ಶುರು ಮಾಡಿದರು. ಅಜ್ಜಿ ಫೋನ್ ಕಿತ್ತುಕೊಂಡರು.

"ಶಾಂತೀ, ನಾನೇ ಕಣೋ ಬ್ಯಾಂಕು. ಹೇಳು."

ಎಪಿಸೋಡು ಮುಗಿಯುವ ಹೊತ್ತಿಗೆ ನಮ್ಮ ನಡುಮನೆ ಬಂತು. ಗುರುತೇ ಸಿಗಲಿಲ್ಲ. ಕತ್ತಲು, ದೀಪ, ಎಲ್ಲೋ ಜೀರುಂಡೆ ಸದ್ದು. ನಡುವೆ ಅಜ್ಜಿ ಅನ್ನ ಸಾರು ಕಲಸಿಕೊಂಡು ಹಸಿದವರ ಹಾಗೆ ಉಣ್ಣುತ್ತಿದ್ದರು. ಅಪ್ಪಟ ರಾತ್ರಿ. ನಾನೇ ನಂಬಿಬಿಟ್ಟೆ. ಪಕ್ಕಕ್ಕೆ ತಿರುಗಿ ನೋಡಲು ಧೈರ್ಯವಾಗಲಿಲ್ಲ.

ಅಜ್ಜಿ ಕನ್ನಡಕ ಒರೆಸಿಕೊಂಡು, ಇನ್ನೊಂದು ಸಲ ಹಾಕು ಅಂದರು. ಹಾಕಿದೆ.

"ನಿಲ್ಸು."

ಅವರ ಬೆರಳು ನಿಂತದ್ದು ತಟ್ಟೆಯ ಹಿಂದಿನ ಗೋಡೆಯ ಮೇಲೆ. ಅಲ್ಲೊಂದು ಸಣ್ಣ ಬೆಳ್ಳನೆಯ ಗೆರೆ. ನಾನು ಬೆರಳಿಂದ ಹಿಗ್ಗಿಸಿದೆ. ದೀಪದ ಬೆಳಕು ಅಷ್ಟು ನೆಟ್ಟಗೆ ಬೀಳುವುದಿಲ್ಲ. ಬಿಸಿಲುಕೋಲು, ಧೂಳಿನ ಕಣವೂ ಕಾಣುತ್ತಿತ್ತು.

"ಬಟ್ಟೆ ಸರಿಯಾಗಿ ಕಟ್ಟಿರಲಿಲ್ವಾ ಅಜ್ಜಿ?"

"ಕಟ್ಟಿದ್ರು. ಕತ್ಲಲ್ಲಿ ನಂಗೆ ತುತ್ತು ಇಳೀಲಿಲ್ಲ ಕಣೇ. ಅವ್ರು ಆ ಕಡೆ ತಿರುಗ್ದಾಗ ಒಂಚೂರು ಎತ್ತಿ ಸರಳಿಗೆ ಸಿಗ್ಸಿದ್ದೆ. ಹೊತ್ತು ಕಾಣ್ದೆ ಉಣ್ಣಾದೆಂಗೆ?"

ಆಗಲೇ ಚಪ್ಪಲಿ ಮೆಟ್ಟಿಕೊಳ್ಳುತ್ತಿದ್ದರು. ಜಿನಶ್ರೀ ಕಟ್ಟೆ ಮೇಲೇ ಇರ್ತಾಳೆ, ಫೋನಲ್ಲಿ ಅದನ್ನ ನಿಲ್ಲಿಸೋದು ನಂಗೆ ಬರಲ್ಲ, ನೀನೂ ಬಾ, ವಾಪಸ್ ಬಂದು ಹೊತ್ತಿದ್ದ ಹಾಗೇ ಊಟ ಮಾಡ್ಬೇಕು ಅಂದರು.

ಕಟ್ಟೆ ಮೇಲೆ ಎಷ್ಟು ಜನ ಇರುತ್ತಾರೋ. ಅವರೆಲ್ಲರ ಮುಂದೆ ನಾನೇ ಬೆರಳಿಟ್ಟು ತೋರಿಸಬೇಕು. ಚಾರ್ಜ್ ಎಷ್ಟಿದೆ ನೋಡಿಕೊಂಡು ಹಿಂದೆ ಹೊರಟೆ.